ನಾಲ್ಕು ಗಾಲಿಗಳ ಚಾಲನೆ: ಅದರ ಬಲವೂ ಮಿತಿಯೂ

ಈಗಿನ ಕಾಲದಲ್ಲಿ ಗೃಹಸ್ಥನೊಬ್ಬನು ಮೋಟಾರು ಗಾಡಿಯನ್ನು ಕೊಳ್ಳಬೇಕೆಂದು ಅಂಗಡಿಯ ಮೆಟ್ಟಿಲನ್ನು ಹತ್ತಿದನೆಂದರೆ, ಅವನ ಕಿವಿಗೆ ಬೀಳುವ ಹೊಸ ಹೆಸರುಗಳಿಗೆ ಲೆಕ್ಕವೇ ಇಲ್ಲ. ಅವುಗಳಲ್ಲಿ ಹೆಚ್ಚು ಹಣವನ್ನು ಬೇಡತಕ್ಕ ಏರ್ಪಾಡೊಂದಕ್ಕೆ 'ಆಲ್ ವೀಲ್ ಡ್ರೈವ್', ಅಂದರೆ ನಾಲ್ಕು ಗಾಲಿಗಳ ಚಾಲನೆ, ಎಂದು ಹೆಸರು. ಇದರ ವಿಚಾರವಾಗಿ ಈ ತಿಂಗಳು ವಾಚಕರಿಗೆ ಕೆಲವು ಮಾತುಗಳನ್ನು ಹೇಳಬೇಕೆಂದಿದ್ದೇವೆ. ಇದಕ್ಕೆ ಕಾರಣವಾದ ಸಂಗತಿಯನ್ನು ಮೊದಲು ಅರಿಕೆ ಮಾಡಿಕೊಳ್ಳುತ್ತೇವೆ.

ಕಳೆದ ಆಷಾಢದಲ್ಲಿ ನಮ್ಮ ಭಾವನವರು ತಮ್ಮ ಹೊಸ ಗಾಡಿಯಲ್ಲಿ ನಮ್ಮನ್ನೂ ತಮ್ಮ ತಾಯಿಯವರನ್ನೂ ಕೂರಿಸಿಕೊಂಡು ಕೊಡಗಿನ ಒಂದು ಕಾಫಿ ತೋಟಕ್ಕೆ ಹೊರಟರು. ತೋಟದ ದಾರಿಯು ಕೆಂಪು ಜೇಡಿಯ ಏರು. ಮೂರು ದಿನಗಳಿಂದ ಮಳೆ ಬಿಟ್ಟಿರಲಿಲ್ಲ. ಮುಂದೆ ಹೋಗುತ್ತಿದ್ದ ಬೇರೊಂದು ಗಾಡಿಯು ಅರ್ಧದಲ್ಲಿಯೇ ಗಾಲಿಗಳನ್ನು ಸುಮ್ಮನೆ ತಿರುಗಿಸುತ್ತ ನಿಂತುಹೋಯಿತು. ನಮ್ಮ ಗಾಡಿಯಾದರೋ ಸ್ವಲ್ಪವೂ ಅಳುಕದೆ ಏರಿತು. ಭಾವನವರು ಹಿಗ್ಗಿ, "ನಾಲ್ಕು ಗಾಲಿಯೂ ಎಳೆಯುತ್ತವೆ, ನೋಡಿ" ಎಂದರು. ಸಾಯಂಕಾಲ ಅದೇ ದಾರಿಯಲ್ಲಿ ಅದೇ ಧೈರ್ಯದಿಂದ ಇಳಿಯುತ್ತಿರುವಾಗ ತಿರುವು ಬಂದಿತು. ಬ್ರೇಕನ್ನು ಒತ್ತಿದರು, ಗಾಡಿ ನಿಲ್ಲಲಿಲ್ಲ. ಚುಕ್ಕಾಣಿಯನ್ನು ತಿರುಗಿಸಿದರು, ಗಾಡಿ ತಿರುಗಲಿಲ್ಲ. ನೇರವಾಗಿ ಜಾರಿ ಬಲಗಡೆಯ ಧರೆಗೆ ಒರಗಿ ನಿಂತಿತು. ಎಡಗಡೆ ಇದ್ದುದು ಕಣಿವೆ. ಯಾರಿಗೂ ಪೆಟ್ಟಾಗಲಿಲ್ಲವೆಂಬುದು ದೈವಕೃಪೆ. ಸ್ವಲ್ಪ ಹೊತ್ತು ಯಾರೂ ಮಾತನಾಡಲಿಲ್ಲ. ಅನಂತರ ಆ ವೃದ್ಧೆಯು ಮಗನನ್ನು, "ಏನಪ್ಪಾ, ಹತ್ತುವಾಗ ನಾಲ್ಕು ಗಾಲಿಯೂ ದುಡಿಯುತ್ತವೆ ಅಂದೆಯಲ್ಲ, ಇಳಿಯುವಾಗ ಅವು ರಜ ತೆಗೆದುಕೊಂಡವೆ?" ಎಂದು ಕೇಳಿದರು. ಈ ಪ್ರಶ್ನೆಗೆ ಸರಿಯಾದ ಉತ್ತರವನ್ನು ಕೊಡುವುದೇ ಈ ಲೇಖನದ ಉದ್ದೇಶ.

ಮೊದಲು ಯಂತ್ರದ ರಚನೆಯನ್ನು ತಿಳಿಯೋಣ. ಈಗ ಊರೂರುಗಳಲ್ಲಿ ಕಾಣುವ 'ಕ್ರಾಸೋವರ್' ಎಂಬ ಗಾಡಿಯು ನೋಡುವುದಕ್ಕೆ ಜೀಪಿನಂತೆ ಎತ್ತರವಾಗಿದ್ದರೂ ಒಳಗಿನ ಕಟ್ಟಿನಲ್ಲಿ ಸಾಧಾರಣ ಕಾರೇ ಆಗಿದೆ. ಇಂಥ ಬಹುಪಾಲು ಗಾಡಿಗಳಲ್ಲಿ ಎಂಜಿನು ಮುಂದುಗಡೆ ಅಡ್ಡಲಾಗಿ ಕುಳಿತು ಮುಂದಿನ ಎರಡು ಗಾಲಿಗಳನ್ನು ಮಾತ್ರ ತಿರುಗಿಸುತ್ತದೆ. ಹಿಂದಿನ ಎರಡು ಗಾಲಿಗಳು ಭಾರವನ್ನು ಹೊತ್ತು ಹಿಂಬಾಲಿಸುವುವೇ ಹೊರತು ಎಳೆಯುವುದಿಲ್ಲ.

ಹಾಗಾದರೆ ಒಂದು ಉದ್ದನೆಯ ದಂಡವನ್ನು ಹಾಕಿ ಹಿಂದಿನ ಗಾಲಿಗಳನ್ನೂ ಎಂಜಿನಿಗೆ ಕಟ್ಟಿಬಿಟ್ಟರೆ ಆಗದೆ ಎಂದು ವಾಚಕರು ಕೇಳಬಹುದು. ಆಗದು, ಏಕೆಂದರೆ ತಿರುವಿನಲ್ಲಿ ನಾಲ್ಕು ಗಾಲಿಗಳೂ ಒಂದೇ ದೂರವನ್ನು ಕ್ರಮಿಸುವುದಿಲ್ಲ. ಎಡಬಲ ಗಾಲಿಗಳಿಗೆ 1.5 ಮೀಟರಿನ ಅಂತರವಿರುವ ಗಾಡಿಯು ರಸ್ತೆಯ ಮೂಲೆಯಲ್ಲಿ ಒಂದು ಲಂಬಕೋನದಷ್ಟು ತಿರುಗಿದರೆ, ಹೊರಮಗ್ಗುಲ ಗಾಲಿಯು ಒಳಮಗ್ಗುಲಿನದಕ್ಕಿಂತ ಸುಮಾರು 2.4 ಮೀಟರು ಹೆಚ್ಚಾಗಿ ಓಡಬೇಕಾಗುತ್ತದೆ. ಎರಡನ್ನೂ ಒಂದೇ ಅಚ್ಚಿಗೆ ಬಿಗಿದರೆ ಒಂದಾದರೂ ನೆಲವನ್ನು ಉಜ್ಜುತ್ತ ಹೋಗಬೇಕು. ಇದನ್ನು ತಪ್ಪಿಸುವುದಕ್ಕಾಗಿಯೇ ಅಚ್ಚಿನ ನಡುವೆ 'ಡಿಫರೆನ್ಷಿಯಲ್' ಎಂಬ ಹಲ್ಲುಚಕ್ರಗಳ ಗುಂಪನ್ನು ಇಟ್ಟಿರುತ್ತಾರೆ. ಅದು ಎರಡು ಗಾಲಿಗಳಿಗೂ ಬಲವನ್ನು ಸಮನಾಗಿ ಹಂಚುತ್ತದೆ, ಆದರೆ ಬೇರೆ ಬೇರೆ ವೇಗದಿಂದ ತಿರುಗಲು ಬಿಡುತ್ತದೆ.

ಈ ಸಮಹಂಚಿಕೆಯಲ್ಲಿ ಒಂದು ದೋಷವುಂಟು. ತಕ್ಕಡಿಯನ್ನು ನೋಡಿರಿ: ಒಂದು ತಟ್ಟೆಯಲ್ಲಿ ಭಾರವಿಲ್ಲದಿದ್ದರೆ ಮತ್ತೊಂದು ತಟ್ಟೆಯಲ್ಲಿಯೂ ಭಾರವು ನಿಲ್ಲದು. ಹಾಗೆಯೇ ಒಂದು ಗಾಲಿಯು ಕೆಸರಿನಲ್ಲಿ ಸಿಕ್ಕಿ ಹಿಡಿತವಿಲ್ಲದೆ ತಿರುಗತೊಡಗಿದರೆ, ಗಟ್ಟಿನೆಲದ ಮೇಲಿರುವ ಜೊತೆಯ ಗಾಲಿಗೂ ಬಲವು ಅಷ್ಟಕ್ಕಷ್ಟೆ. ತೋಟದ ಏರಿನಲ್ಲಿ ಆ ಇನ್ನೊಂದು ಗಾಡಿಯು ನಿಂತುಹೋದುದು ಹೀಗೆ. ಈಚಿನ ಗಾಡಿಗಳಲ್ಲಿ ಸುಮ್ಮನೆ ತಿರುಗುವ ಗಾಲಿಯ ಬ್ರೇಕನ್ನು ಯಂತ್ರವೇ ಸ್ವಲ್ಪ ಹಿಡಿಯುತ್ತದೆ. ಅಂದರೆ ಖಾಲಿ ತಟ್ಟೆಯ ಮೇಲೆ ಕೈಯಿಟ್ಟು ಒತ್ತಿದಂತೆ. ಆಗ ಜೊತೆಯ ಗಾಲಿಗೆ ಬಲವು ದೊರೆಯುತ್ತದೆ.

ಎಡಬಲಗಳಿಗೆ ಹೇಳಿದ ಮಾತು ಹಿಂದುಮುಂದುಗಳಿಗೂ ಸಲ್ಲುತ್ತದೆ. ಹಿಂದಿನ ಗಾಲಿಗಳು ತಿರುವನ್ನು ಒಳಗಿನಿಂದ ಕತ್ತರಿಸಿಕೊಂಡು ಬರುವುದರಿಂದ ಅವು ಕ್ರಮಿಸುವ ದೂರ ಕಡಿಮೆ. ಎರಡನೆಯ ಮಹಾಯುದ್ಧದ ಕಾಲದ ಜೀಪಿನಲ್ಲಿ ಸನ್ನೆಯನ್ನು ಎಳೆದರೆ ಮುಂದಿನ ಅಚ್ಚೂ ಹಿಂದಿನ ಅಚ್ಚೂ ಬಿಗಿಯಾಗಿ ಕೂಡಿಕೊಳ್ಳುತ್ತಿದ್ದವು. ಕೆಸರಿನಲ್ಲಿ ಗಾಲಿಗಳು ಅಷ್ಟಿಷ್ಟು ಜಾರಿ ಹೊಂದಿಕೊಳ್ಳುವುದರಿಂದ ಅದು ಹಿತಕರ. ಒಣಗಿದ ಡಾಮರು ರಸ್ತೆಯಲ್ಲಿ ಜಾರಲು ಎಡೆಯಿಲ್ಲದೆ ಹಲ್ಲುಚಕ್ರಗಳು ಬಿಗಿದುಕೊಂಡು ಯಂತ್ರಕ್ಕೆ ಕೇಡಾಗುತ್ತದೆ. ತೋಟದ ಜೀಪನ್ನು ನಡೆಸಿ ನುರಿತವರು ರಸ್ತೆಗೆ ಬಂದೊಡನೆ ಸನ್ನೆಯನ್ನು ಬಿಡಿಸುವುದು ಇದರಿಂದಲೇ. ಸನ್ನೆಯ ಗೊಡವೆಯೇ ಇಲ್ಲದೆ, ಬೇಕಾದಾಗ ಕೂಡಿ ಬೇಡದಾಗ ಬಿಡುವ ಏರ್ಪಾಡು ಕ್ರಾಸೋವರಿನ ವೈಶಿಷ್ಟ್ಯ.

ಅದು ಹೇಗೆಂದರೆ, ಮುಂದಿನ ಗೇರ್ ಪೆಟ್ಟಿಗೆಯ ಮಗ್ಗುಲಲ್ಲಿ ಇನ್ನೊಂದು ಸಣ್ಣ ಪೆಟ್ಟಿಗೆಯಿರುತ್ತದೆ. ಅದರೊಳಗಿನ ಓರೆಹಲ್ಲಿನ ಚಕ್ರಗಳು ಎಂಜಿನಿನ ಬಲದಲ್ಲಿ ಒಂದು ಪಾಲನ್ನು ಹಿಂದಕ್ಕೆ ಹೊರಳಿಸಿ, ಗಾಡಿಯ ಅಡಿಯಲ್ಲಿ ಹಾದುಹೋಗುವ ಉದ್ದನೆಯ ದಂಡಕ್ಕೆ ಒಪ್ಪಿಸುವುವು. ಆ ದಂಡದ ಹಿಂದಣ ತುದಿಗೂ ಹಿಂದಿನ ಡಿಫರೆನ್ಷಿಯಲ್ಲಿಗೂ ನಡುವೆ ಒಂದು ಕ್ಲಚ್ಚಿದೆ. ಏರ್ಪಾಡಿನ ಜೀವವೆಲ್ಲ ಈ ಕ್ಲಚ್ಚಿನಲ್ಲಿ. ಅಡಿಗೆಯ ಮನೆಯಲ್ಲಿ ಊಟದ ತಟ್ಟೆಗಳನ್ನು ಒಂದರ ಮೇಲೊಂದು ಪೇರಿಸಿದಂತೆ ತೆಳ್ಳನೆಯ ಬಿಲ್ಲೆಗಳು ಎಣ್ಣೆಯಲ್ಲಿ ನೆನೆದಿರುತ್ತವೆ. ಒಂದು ಬಿಟ್ಟು ಒಂದು ಬಿಲ್ಲೆಯು ಮುಂದಿನಿಂದ ಬಂದ ದಂಡಕ್ಕೆ ಸೇರಿದ್ದು. ನಡುನಡುವಿನವು ಹಿಂದಿನ ಗಾಲಿಗಳ ಕಡೆಗೆ ಸೇರಿದವು. ಒತ್ತಡವಿಲ್ಲದಿದ್ದರೆ ಬಿಲ್ಲೆಗಳು ಒಂದನ್ನೊಂದು ಸವರಿಕೊಂಡು ತಮ್ಮ ಪಾಡಿಗೆ ತಿರುಗುತ್ತವೆ. ಗಾಡಿಯು ಮುಂದಿನ ಗಾಲಿಗಳಿಂದಲೇ ನಡೆಯುತ್ತದೆ. ವಿದ್ಯುದಯಸ್ಕಾಂತವಾಗಲಿ ಎಣ್ಣೆಯ ಪಂಪಾಗಲಿ ಅವನ್ನು ಒತ್ತಿದರೆ ಪರಸ್ಪರ ಹಿಡಿದುಕೊಂಡು ಹಿಂದಿನ ಗಾಲಿಗಳನ್ನೂ ದುಡಿಮೆಗೆ ಹಚ್ಚುತ್ತವೆ. ಸ್ವಲ್ಪ ಒತ್ತಿದರೆ ಸ್ವಲ್ಪ ಬಲ, ಹೆಚ್ಚು ಒತ್ತಿದರೆ ಹೆಚ್ಚು ಬಲ.

ಎಷ್ಟು ಒತ್ತಬೇಕೆಂಬುದನ್ನು ನಿಶ್ಚಯಿಸುವುದು ಗಾಡಿಯೊಳಗಿನ ಕಂಪ್ಯೂಟರು. ಪ್ರತಿ ಗಾಲಿಯ ಬಳಿಯಲ್ಲಿಯೂ ವೇಗವನ್ನು ಅಳೆಯುವ ಸಣ್ಣ ಸಾಧನವೊಂದುಂಟು. ಅವುಗಳ ವರದಿಯನ್ನೂ, ಚುಕ್ಕಾಣಿಯು ಎಷ್ಟು ತಿರುಗಿದೆಯೆಂಬುದನ್ನೂ, ಚಾಲಕನ ಕಾಲು ಎಷ್ಟು ಒತ್ತಿದೆಯೆಂಬುದನ್ನೂ ಅದು ಸೆಕೆಂಡಿಗೆ ಅನೇಕ ಸಲ ಓದಿ, ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ಆಜ್ಞೆಯನ್ನು ಕೊಡುತ್ತದೆ. ಹಲವು ಗಾಡಿಗಳಲ್ಲಿ ಗಾಲಿಯು ಜಾರುವುದಕ್ಕೆ ಮೊದಲೇ, ನಿಂತಲ್ಲಿಂದ ಹೊರಡುವಾಗಲೇ, ಬಿಲ್ಲೆಗಳನ್ನು ಒತ್ತಿ ಸಿದ್ಧವಾಗಿರುತ್ತದೆ. 'ಲಾಕ್' ಎಂಬ ಗುಂಡಿಯಿದ್ದರೆ, ಅದನ್ನು ಒತ್ತಿದಾಗ ಹಿಡಿತವು ಬಿಗಿಯಾಗಿ ನಿಲ್ಲುತ್ತದೆ. ಕೆಸರಿನಿಂದ ಮೆಲ್ಲನೆ ಹೊರಬರಲು ಅದು ಉಪಯುಕ್ತ.

ಇದರ ಚರಿತ್ರೆಯನ್ನು ಸಂಕ್ಷೇಪವಾಗಿ ಹೇಳುವೆವು. ಜಪಾನಿನ ಸುಬಾರು ಸಂಸ್ಥೆಯು 1972ರಲ್ಲಿ ತನ್ನ ಲಿಯೋನೆ ಎಂಬ ಸಾಧಾರಣ ಕಾರಿಗೆ ನಾಲ್ಕು ಗಾಲಿಗಳ ಚಾಲನೆಯನ್ನು ಕೊಟ್ಟಿತು. ಜರ್ಮನಿಯ ಆಡಿ ಸಂಸ್ಥೆಯು 1980ರಲ್ಲಿ ಕ್ವಾಟ್ರೊ ಎಂಬ ಗಾಡಿಯನ್ನು ಹೊರತಂದು, ಈ ಏರ್ಪಾಡು ವೇಗದ ಓಟಕ್ಕೂ ಒಗ್ಗುವುದೆಂದು ತೋರಿಸಿತು. 1994ರಲ್ಲಿ ಟೊಯೋಟಾ ಸಂಸ್ಥೆಯ ರ‍್ಯಾವ್4 ಬಂದ ಮೇಲೆ ಕ್ರಾಸೋವರ್ ಎಂಬ ಜಾತಿಯು ಲೋಕದಲ್ಲೆಲ್ಲ ಹಬ್ಬಿತು. ನಮ್ಮ ನಾಡಿಗೂ ಇದರ ಸಂಬಂಧವುಂಟು: ಬೆಂಗಳೂರಿಗೆ ಸಮೀಪದ ಬಿಡದಿಯಲ್ಲಿರುವ ಟೊಯೋಟಾ ಕಿರ್ಲೋಸ್ಕರ್ ಕಾರ್ಖಾನೆಯಲ್ಲಿ 2022ರಲ್ಲಿ ತಯಾರಾಗತೊಡಗಿದ ಅರ್ಬನ್ ಕ್ರೂಸರ್ ಹೈರೈಡರ್ ಮತ್ತು ಮಾರುತಿ ಸುಜುಕಿ ಗ್ರ್ಯಾಂಡ್ ವಿಟಾರ ಎಂಬ ಗಾಡಿಗಳ ಕೆಲವು ಬಗೆಗಳಿಗೆ ಈ ಚಾಲನೆಯನ್ನು ಅಳವಡಿಸಿದರು. ಇನ್ನು ವಿದ್ಯುತ್ತಿನ ಗಾಡಿಗಳಲ್ಲಿ ಉದ್ದನೆಯ ದಂಡವೇ ಬೇಡ. ಮುಂದಿನ ಅಚ್ಚಿಗೊಂದು, ಹಿಂದಿನ ಅಚ್ಚಿಗೊಂದು ಮೋಟಾರನ್ನು ಇಟ್ಟರೆ ಸಾಕು.

ಈಗ ಆ ವೃದ್ಧೆಯ ಪ್ರಶ್ನೆಗೆ ಬರೋಣ. ಗಾಡಿಯು ಚಲಿಸುವುದೂ ನಿಲ್ಲುವುದೂ ತಿರುಗುವುದೂ ಟೈರು ನೆಲವನ್ನು ಹಿಡಿಯುವ ಹಿಡಿತದಿಂದಲೇ. ಈ ಹಿಡಿತವು ಗೃಹಸ್ಥನ ತಿಂಗಳ ಸಂಬಳವಿದ್ದಂತೆ. ಇರುವುದಿಷ್ಟು, ಖರ್ಚು ಮಾಡಬಹುದಾದುದೂ ಅಷ್ಟೇ. ಲೆಕ್ಕಕ್ಕಾಗಿ ಜನರೂ ಸಾಮಾನೂ ಸೇರಿ ಗಾಡಿಯ ತೂಕ 1,500 ಕಿಲೋ ಎಂದಿಟ್ಟುಕೊಳ್ಳೋಣ. ಜಾರುವ ಜೇಡಿಯ ಮೇಲೆ ಟೈರುಗಳ ಹಿಡಿತವು ಭಾರದ ಐದನೆಯ ಒಂದು ಪಾಲೆಂದರೆ, ನಾಲ್ಕು ಗಾಲಿಗಳಿಂದ ಒಟ್ಟು 300 ಕಿಲೋ ತೂಕದಷ್ಟು ಬಲವು ದೊರೆಯುತ್ತದೆ. ಹತ್ತು ಮೀಟರಿಗೆ ಒಂದು ಮೀಟರು ಏರುವ ದಾರಿಯಲ್ಲಿ ಗಾಡಿಯನ್ನು ಹಿಂದಕ್ಕೆ ಜಗ್ಗುವ ಬಲವು 150 ಕಿಲೋ. ಮುಂದಿನ ಗಾಲಿಗಳು ಮಾತ್ರ ಎಳೆಯುವ ಗಾಡಿಯಲ್ಲಿ, ಅರ್ಧಭಾರ ಅವುಗಳ ಮೇಲಿದ್ದರೆ, ದೊರೆಯುವುದು 150 ಕಿಲೋ ಮಾತ್ರ. ಬಂದುದಕ್ಕೂ ಹೋದುದಕ್ಕೂ ಸರಿಹೋಯಿತು, ಗಾಡಿಯು ಏರಲಾರದು. ನಾಲ್ಕು ಗಾಲಿಗಳೂ ಎಳೆದರೆ 300 ಕಿಲೋ ಪೂರ್ತಿಯಾಗಿ ಕೈಗೆ ಬರುತ್ತದೆ. ಗಾಡಿಯು ಲೀಲೆಯಿಂದ ಏರುತ್ತದೆ.

ಇಳಿಯುವಾಗಲಾದರೋ? ಬ್ರೇಕುಗಳು ಎಲ್ಲ ಕಾರುಗಳಲ್ಲಿಯೂ ನಾಲ್ಕು ಗಾಲಿಗಳಿಗೂ ಉಂಟಷ್ಟೆ. ಆದುದರಿಂದ ಅಗ್ಗದ ಗಾಡಿಯಾಗಲಿ ದುಬಾರಿಯದಾಗಲಿ ನಿಲ್ಲುವುದಕ್ಕೆ ಉಪಯೋಗಿಸುವುದು ಅದೇ 300 ಕಿಲೋ. ಅದರಲ್ಲಿ ಇಳಿಜಾರಿನ ಸೆಳೆತಕ್ಕೆ 150 ಕಳೆದರೆ, ವೇಗವನ್ನು ತಗ್ಗಿಸಲು ಉಳಿಯುವುದು 150. ಗಂಟೆಗೆ 40 ಕಿಲೋಮೀಟರಿನ ವೇಗದಿಂದ ಬರುವ ಗಾಡಿಯು ಒಣಗಿದ ಸಮನಾದ ರಸ್ತೆಯಲ್ಲಿ ಬ್ರೇಕು ಹಿಡಿದ ಮೇಲೆ ಸುಮಾರು 8 ಮೀಟರಿನಲ್ಲಿ ನಿಲ್ಲಬಹುದಾದರೆ, ಈ ಇಳಿಜಾರಿನಲ್ಲಿ ನಿಲ್ಲಲು ಸುಮಾರು 63 ಮೀಟರು ಬೇಕು. ನಾಲ್ಕು ಗಾಲಿಗಳ ಚಾಲನೆಯು ಇದರಲ್ಲಿ ಒಂದು ಗೇಣನ್ನೂ ಕಡಿಮೆ ಮಾಡಲಾರದು. ಕಡಿಮೆ ಮಾಡಬಲ್ಲವನು ಚಾಲಕನೊಬ್ಬನೇ: ವೇಗವನ್ನು 20 ಕಿಲೋಮೀಟರಿಗೆ ಇಳಿಸಿದರೆ ದೂರವು ಕಾಲುಭಾಗಕ್ಕೆ, ಅಂದರೆ ಸುಮಾರು 16 ಮೀಟರಿಗೆ ಇಳಿಯುತ್ತದೆ. ಮೇಲಾಗಿ, ತಿರುವಿನಲ್ಲಿ ಬ್ರೇಕನ್ನು ಬಲವಾಗಿ ಒತ್ತಿದರೆ ಸಂಬಳವೆಲ್ಲ ಬ್ರೇಕಿಗೇ ಖರ್ಚಾಗಿ ತಿರುಗುವುದಕ್ಕೆ ಏನೂ ಉಳಿಯದು. ಭಾವನವರ ಗಾಡಿಯು ಚುಕ್ಕಾಣಿಯ ಮಾತನ್ನು ಕೇಳದೆ ಹೋದುದು ಹೀಗೆಯೇ.

ಇಲ್ಲಿ ಮುಖ್ಯವಾದ ಮರ್ಮವೊಂದಿದೆ. ಮುಂದಿನ ಗಾಲಿಗಳಿಂದ ನಡೆಯುವ ಗಾಡಿಯು ಜಾರುನೆಲದ ಮೇಲೆ ಹೊರಡುವಾಗಲೇ ತಡವರಿಸಿ, "ಸ್ವಾಮಿ, ಇಲ್ಲಿ ನೆಲವು ಸರಿಯಿಲ್ಲ" ಎಂದು ಒಡೆಯನಿಗೆ ಎಚ್ಚರಿಕೆಯನ್ನು ಕೊಡುತ್ತದೆ. ನಾಲ್ಕು ಗಾಲಿಗಳ ಗಾಡಿಯು ಆ ತಡವರಿಕೆಯನ್ನು ನಿವಾರಿಸುವುದರ ಜೊತೆಗೆ ಆ ಎಚ್ಚರಿಕೆಯನ್ನೂ ಮುಚ್ಚಿಬಿಡುತ್ತದೆ. ಏರುವಾಗ ಕಂಡ ಸುಲಭವನ್ನು ನೆಲದ ಗುಣವೆಂದು ಭ್ರಮಿಸುವುದೇ ಅಪಾಯಕ್ಕೆ ಮೂಲ. ನಮ್ಮ ಭಾವನವರ ಗಾಡಿಯಲ್ಲಿ ದೋಷವಿರಲಿಲ್ಲ. ಅದರ ಗುಣವೇ ಅವರನ್ನು ಮೋಸಗೊಳಿಸಿತು.

ಇದನ್ನು ಕೊಳ್ಳಬೇಕೆ ಎಂದರೆ, ಮನೆಯ ದಾರಿಯನ್ನು ನೋಡಿ ನಿಶ್ಚಯಿಸಬೇಕು. ಮಲೆನಾಡಿನ ಕೆಸರುಹಾದಿ, ತೋಟದ ಏರು, ಹಿಮ ಬೀಳುವ ಸೀಮೆಗಳಲ್ಲಿ ವಾಸಿಸುವವರಿಗೆ ಇದು ನಿಜವಾದ ಸಹಾಯ. ಊರೊಳಗಿನ ಡಾಮರು ಬೀದಿಗಳಲ್ಲಿಯೇ ಸಂಚರಿಸುವವರಿಗೆ ಬೆಲೆಯೂ ತೂಕವೂ ಎಣ್ಣೆಯ ಖರ್ಚೂ ಹೆಚ್ಚುವುದೇ ಲಾಭ. ಅಂಥವರು ಆ ಹಣದಲ್ಲಿ ಒಂದು ಪಾಲನ್ನು ಒಳ್ಳೆಯ ಟೈರುಗಳಿಗೆ ವಿನಿಯೋಗಿಸುವುದು ಮೇಲು. ಏಕೆಂದರೆ ಟೈರು ಏರುವುದಕ್ಕೂ ನಿಲ್ಲುವುದಕ್ಕೂ ತಿರುಗುವುದಕ್ಕೂ ಉಪಕರಿಸುತ್ತದೆ.

ಇಂಥ ಗಾಡಿಯನ್ನು ಈಗಾಗಲೇ ಇಟ್ಟುಕೊಂಡಿರುವವರು ಕೆಲವು ವಿಷಯಗಳನ್ನು ಮರೆಯಕೂಡದು. ನಾಲ್ಕು ಟೈರುಗಳೂ ಒಂದೇ ಅಳತೆಯವಾಗಿ, ಸರಿಸುಮಾರು ಒಂದೇ ಪ್ರಮಾಣದಲ್ಲಿ ಸವೆದಿರಬೇಕು. 6 ಮಿಲಿಮೀಟರು ಸವೆದ ಟೈರು ಹೊಸದಕ್ಕಿಂತ ಕಿಲೋಮೀಟರಿಗೆ ಸುಮಾರು 8 ಸುತ್ತು ಹೆಚ್ಚಾಗಿ ತಿರುಗುತ್ತದೆ. ಮುಂದೆ ಹೊಸ ಜೊತೆ, ಹಿಂದೆ ಹಳೆಯ ಜೊತೆ ಇದ್ದರೆ ಕ್ಲಚ್ಚಿನ ಬಿಲ್ಲೆಗಳು ನೇರವಾದ ರಸ್ತೆಯಲ್ಲಿಯೂ ಬಿಡುವಿಲ್ಲದೆ ಉಜ್ಜಿ ಕಾದು ಕೆಡುವುವು. ಆದಕಾರಣ ಟೈರುಗಳನ್ನು ಕಾಲಕಾಲಕ್ಕೆ ಹಿಂದುಮುಂದಾಗಿ ಬದಲಾಯಿಸುತ್ತಿರಬೇಕು. ಕ್ಲಚ್ಚಿನ ಎಣ್ಣೆಯನ್ನೂ ಹಿಂದಿನ ಡಿಫರೆನ್ಷಿಯಲ್ಲಿನ ಎಣ್ಣೆಯನ್ನೂ ಗಾಡಿಯ ಕೈಪಿಡಿಯು ಹೇಳಿದ ಅವಧಿಗೆ ಹೊಸದಾಗಿ ತುಂಬಿಸಬೇಕು. ಗಾಡಿಯು ದಾರಿಯಲ್ಲಿ ಕೆಟ್ಟರೆ ಎರಡು ಗಾಲಿಗಳನ್ನು ಎತ್ತಿ ಎರಡನ್ನು ಎಳೆಸಿಕೊಂಡು ಹೋಗಕೂಡದು. ನಾಲ್ಕು ಗಾಲಿಗಳೂ ಮೇಲಿರುವಂತೆ ಲಾರಿಯ ಮೇಲೆ ಸಾಗಿಸಬೇಕು. ಜಾರುವ ಇಳಿಜಾರಿನಲ್ಲಿ ತಿರುವಿಗೆ ಮೊದಲೇ ಸಣ್ಣ ಗೇರಿಗೆ ಬಂದು, ವೇಗವನ್ನು ಮೊದಲೇ ತಗ್ಗಿಸಿ, ಅನಂತರ ತಿರುಗಬೇಕು.

ಭಾವನವರು ಈಗಲೂ ಅದೇ ತೋಟಕ್ಕೆ ಅದೇ ಗಾಡಿಯಲ್ಲಿ ಹೋಗಿಬರುತ್ತಾರೆ. ಏರುವಾಗ ಗಾಡಿಯನ್ನು ನಂಬುತ್ತಾರೆ; ಇಳಿಯುವಾಗ ತಮ್ಮ ಕಾಲನ್ನು ನಂಬುತ್ತಾರೆ. ತಾಯಿಯವರಿಗೆ ಕೊಡಬೇಕಾದ ಉತ್ತರವನ್ನೂ ಅವರು ಕಂಡುಕೊಂಡಿದ್ದಾರೆ: ಇಳಿಯುವಾಗ ಗಾಲಿಗಳು ರಜ ತೆಗೆದುಕೊಂಡಿರಲಿಲ್ಲ, ರಜ ತೆಗೆದುಕೊಂಡಿದ್ದುದು ಎಚ್ಚರ. ಟೈರುಗಳನ್ನು ಆರಿಸುವ ಬಗೆಯನ್ನು ಮುಂದಿನ ಸಂಚಿಕೆಯಲ್ಲಿ ವಿವರಿಸುವೆವು.