ಶೀಟಿನಲ್ಲಿ ಊರಿನ ಹೆಸರಿಗೂ ಜಾಗ ಇರಲಿ

ಈ ಸಲದ ಸರ್ವೇ ಕ್ಯಾಂಪಿನಲ್ಲಿ ನಮ್ಮ ಬ್ಯಾಚಿಗೆ ಬಂದದ್ದು ಹಳೇ ಕೆರೆ ಪ್ರಾಜೆಕ್ಟ್. ಜಾಗ, ಚಿಕ್ಕಯ್ಯನಛತ್ರ ಹೋಬಳಿಯ ಒಂದು ಸಣ್ಣ ಊರು. ಸಿವಿಲ್ ಅಲ್ಲದ ಗೆಳೆಯರಿಗೆ ಒಂದು ಮಾತು: ಹೊಸ ಕೆರೆ, ಹಳೇ ಕೆರೆ, ರಸ್ತೆ, ನೀರು ಸರಬರಾಜು, ಇವಿಷ್ಟನ್ನೂ ಬಿಸಿಲಲ್ಲಿ ನಿಂತು ಅಳೆದು ಡ್ರಾಯಿಂಗ್ ಮಾಡೋದೇ ಸರ್ವೇ ಕ್ಯಾಂಪ್. ನೀವು ಫ್ಯಾನ್ ಕೆಳಗೆ ಕೂತು ಕೋಡ್ ಬರೆಯೋ ಹೊತ್ತಲ್ಲಿ ನಾವು ಸ್ಟಾಫ್ ಹಿಡ್ಕೊಂಡು ಜಾಲಿ ಮುಳ್ಳಲ್ಲಿ ನಿಂತಿರ್ತೀವಿ.

ಎರಡನೇ ದಿನ ಕೆರೆ ಏರಿಯ ಮೇಲೆ ಲೆವೆಲ್ ತಗೊಂಡು ಹೋಗ್ತಾ ಇದ್ವಿ. ಒಂದು ತುದಿಯಲ್ಲಿ ರೀಡಿಂಗ್ ಇದ್ದಕ್ಕಿದ್ದ ಹಾಗೆ ತಗ್ಗು ತೋರಿಸ್ತು. ಒಬ್ಬರು ಏರಿ ಕುಸಿದಿದೆ ಅಂದ್ರು, ಇನ್ನೊಬ್ಬರು ರೀಡಿಂಗ್ ತಪ್ಪಾಗಿದೆ ಅಂದ್ರು. ಮತ್ತೆ ಮೊದಲಿಂದ ಅಳೆದ್ವಿ. ಮೂರನೇ ದಿನವೂ ಅದೇ ತಗ್ಗು. ಹಸು ಹೊಡ್ಕೊಂಡು ಬಂದ ಒಬ್ಬ ತಾತ ನಿಂತು ನೋಡಿ, "ಏನ್ ಮಕ್ಳೇ, ನಿನ್ನೆಯಿಂದ ಅದೇ ಜಾಗನ ಅಳೀತಿದ್ದೀರಲ್ಲ?" ಅಂದ್ರು. ಹೇಳಿದ್ವಿ. ಅವರು ನಕ್ಕು, "ಅದು ಕೋಡಿ ಕಣ್ರಪ್ಪಾ. ಮುಳ್ಳು ಬೆಳ್ದು ಮುಚ್ಚೋಗದೆ. ಕೆಳಗಿರೋದು ಕೋಡಿಹೊಲ, ನೀರು ಬಂದ್ರೆ ಅಲ್ಲೇ ಬರೋದು" ಅಂದ್ರು.

ಕೋಡಿ ಅಂದ್ರೆ ನಮ್ಮ ಪುಸ್ತಕದ ವೇಸ್ಟ್ ವೇರ್. ಕೆರೆ ತುಂಬಿದಾಗ ಹೆಚ್ಚಾದ ನೀರು ಹರಿದು ಹೋಗೋ ಬಾಯಿ. ಅದರ ಉದ್ದಕ್ಕೆ ಸೂತ್ರ ಬಾಯಿಪಾಠ ಇದೆ ನಮಗೆ, ಕಣ್ಣೆದುರಿಗೆ ಇದ್ದಾಗ ಗುರುತು ಹತ್ತಲಿಲ್ಲ. ಎರಡು ದಿನದ ಕೆಲಸಕ್ಕೆ ಉತ್ತರ ಆ ಹೊಲದ ಹೆಸರಲ್ಲೇ ಇತ್ತು. ಈಗ ಆ ಕೋಡಿಹೊಲದಲ್ಲಿ ಬಿಳಿ ಬಣ್ಣ ಹೊಡೆದ ಸೈಟ್ ಕಲ್ಲುಗಳು ಸಾಲಾಗಿ ನಿಂತಿವೆ. ಪಕ್ಕದಲ್ಲಿ ಬೋರ್ಡ್, ಅದರ ಮೇಲೆ ಇಂಗ್ಲಿಷಿನಲ್ಲಿ ಯಾವುದೋ ಹೂವಿನ ಹೆಸರು.

ನಮ್ಮ ಶೀಟಿನಲ್ಲಿ ಏನಿತ್ತು? ಟಿ.ಬಿ.ಎಂ. ಒಂದು, ಟಿ.ಬಿ.ಎಂ. ಎರಡು, 'ವಿಲೇಜ್ ಟ್ಯಾಂಕ್', 'ಅಗ್ರಿಕಲ್ಚರಲ್ ಲ್ಯಾಂಡ್'. ಮುಂದೆ ಯಾರಾದರೂ ಆ ಶೀಟ್ ನೋಡಿ ಅಲ್ಲಿ ಮನೆ ಕಟ್ಟಬೇಕೋ ಬೇಡವೋ ಅಂತ ಕೇಳಿದರೆ, ಕಾಂಟೂರ್ ಓದೋಕೆ ಬರೋರಿಗೆ ಮಾತ್ರ ಉತ್ತರ ಸಿಗುತ್ತೆ. ಸೈಟ್ ಕೊಳ್ಳೋರಲ್ಲಿ ಎಷ್ಟು ಜನ ಕಾಂಟೂರ್ ಓದ್ತಾರೆ? ಕೋಡಿಹೊಲ ಅಂತ ಬರೆದಿದ್ದರೆ ಈ ಸೀಮೆಯವರು ಯಾರಾದರೂ ಓದ್ತಿದ್ದರು.

ಇದು ಒಂದು ಹೊಲದ ಕತೆ ಮಾತ್ರ ಅಲ್ಲ. ಟಿ. ನರಸೀಪುರದ 'ಟಿ' ಏನು ಅಂತ ನಮ್ಮ ಹಾಸ್ಟೆಲಿನಲ್ಲಿ ಕೇಳಿ ನೋಡಿದ್ವಿ. 'ತಾಲ್ಲೂಕು' ಅಂದವರೂ ಇದ್ದಾರೆ! ತಿರುಮಕೂಡಲು ಅಂತ. ಕೂಡಲು ಅಂದ್ರೆ ನದಿಗಳು ಕೂಡುವ ಜಾಗ. ವಯನಾಡಿನಿಂದ ಹರಿದು ಬರೋ ಕಬಿನಿ ಅಲ್ಲಿ ಕಾವೇರಿಗೆ ಸೇರುತ್ತೆ, ಕಣ್ಣಿಗೆ ಕಾಣದ ಸ್ಫಟಿಕ ಸರೋವರ ಮೂರನೆಯದು ಅನ್ನೋದು ನಂಬಿಕೆ. 1989ರಿಂದ ಮೂರು ವರ್ಷಕ್ಕೊಮ್ಮೆ ಕುಂಭಮೇಳ ಆಗೋದು ಆ ಸಂಗಮದಲ್ಲೇ. ಇಷ್ಟನ್ನೂ ಬಸ್ಸಿನ ಬೋರ್ಡಿಗೋಸ್ಕರ ಒಂದಕ್ಷರಕ್ಕೆ ಇಳಿಸಿ ನದಿಯನ್ನೇ ನುಂಗಿಬಿಟ್ಟಿದ್ದೀವಿ. ನಮ್ಮ ಹೋಬಳಿಯೂ ಹಾಗೆಯೇ. ಚಿಕ್ಕಯ್ಯನ ಹೆಸರಿನ ಛತ್ರ ಅಂತ ಬಿಡಿಸಿ ಓದಿದರೆ ದಾರಿಹೋಕರು ಇಳಿದುಕೊಳ್ತಿದ್ದ ಒಂದು ಜಾಗ ಕಣ್ಣಿಗೆ ಬರುತ್ತೆ. ಮ್ಯಾಪಿನ ಹೆಂಗಸು ಅದನ್ನ ಉಚ್ಚರಿಸೋ ರೀತಿ ಕೇಳಿದರೆ ಏನೂ ಕಣ್ಣಿಗೆ ಬರಲ್ಲ.

ದೊಡ್ಡ ಗುರುತುಗಳ ಬಗ್ಗೆ ನಮಗೆ ಚಿಂತೆ ಇಲ್ಲ. ನಂಜುಂಡೇಶ್ವರನ ಗೋಪುರ ಅಲ್ಲಾಡಲ್ಲ, ಸೋಮನಾಥಪುರ 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೇ ಸೇರಿತು. 1735ರಲ್ಲಿ ದಳವಾಯಿ ದೇವರಾಜಯ್ಯ ಕಬಿನಿಗೆ ಕಟ್ಟಿಸಿದ ಸೇತುವೆ ಆಮೇಲೆ ಮೀಟರ್ ಗೇಜ್ ರೈಲನ್ನೂ ಹೊತ್ತು ಈಗ ಬ್ರಾಡ್ ಗೇಜ್ ಸೇತುವೆಯ ಪಕ್ಕದಲ್ಲಿ ವಿಶ್ರಾಂತಿ ತಗೊಳ್ತಿದೆ. ಸಿವಿಲ್‌ನವರು ಒಮ್ಮೆಯಾದರೂ ಅದರ ಕಮಾನುಗಳನ್ನ ನೋಡಿ ಬರಬೇಕು. ಆದರೆ ಜನ ನಿಜಕ್ಕೂ ಬಳಸೋ ಗುರುತುಗಳು ಸಣ್ಣವು. 2018ರಲ್ಲಿ, ಮತ್ತೆ 2019ರ ಆಗಸ್ಟಿನಲ್ಲಿ ಕಬಿನಿ ಉಕ್ಕಿ ಮಲ್ಲನಮೂಲೆ ಮಠದ ಹತ್ತಿರ ಮೈಸೂರು–ಊಟಿ ಹೆದ್ದಾರಿ ಮುಳುಗಿ ಬಸ್ಸುಗಳೆಲ್ಲ ಸುತ್ತು ಹಾಕಿದವಲ್ಲ, ಆಗ ಟಿ.ವಿ.ಯವರು ಕ್ಯೂಸೆಕ್ ಲೆಕ್ಕ ಹೇಳ್ತಿದ್ದರು. ನಂಜನಗೂಡಿನವರು ಕೇಳ್ತಿದ್ದದ್ದು ಒಂದೇ: "ಹದಿನಾರು ಕಾಲು ಮಂಟಪ ಮುಳುಗ್ತಾ?" ಸ್ನಾನಘಟ್ಟದ ಆ ಮಂಟಪ ಅವರ ಪಾಲಿಗೆ ಅಳತೆಗೋಲು. ನಾವು ಲ್ಯಾಬಿನಲ್ಲಿ ಗೇಜ್ ಅನ್ನೋದು ಇದನ್ನೇ.

ಕಾಲ್ನಡಿಗೆಯ ಗುರುತುಗಳನ್ನ ಗಂಭೀರವಾಗಿ ತಗೊಂಡವರು ಜೆಕ್ ದೇಶದವರು. ಅಲ್ಲಿ ವಿಸೊಚಿನಾ ಅಂತ ಒಂದು ಹಳ್ಳಿಗಾಡಿನ ಪ್ರಾಂತ್ಯ ಇದೆ. ಹೆಸರಿನ ಅರ್ಥವೇ ಎತ್ತರದ ಸೀಮೆ, ಆದರೂ ಅಲ್ಲಿನ ಅತಿ ಎತ್ತರದ ಬೆಟ್ಟ 837 ಮೀಟರ್. ನಮ್ಮ ಚಾಮುಂಡಿ ಸಾವಿರ ಮೀಟರ್ ದಾಟುತ್ತೆ, ಸ್ವಲ್ಪ ಬೀಗಬಹುದು! ಅಲ್ಲಿ ಒಂದು ದಿಬ್ಬದ ಆಚೆ ಬಿದ್ದ ಮಳೆ ಉತ್ತರ ಸಮುದ್ರಕ್ಕೆ, ಈಚೆ ಬಿದ್ದದ್ದು ಕಪ್ಪು ಸಮುದ್ರಕ್ಕೆ ಹೋಗುತ್ತೆ. 1888ರಲ್ಲಿ ಶುರುವಾದ ಅವರ ಪ್ರವಾಸಿ ಸಂಘದ ಸ್ವಯಂಸೇವಕರು ದೇಶದ ತುಂಬಾ ಮರಕ್ಕೆ, ಕಲ್ಲಿಗೆ ಬಣ್ಣದ ಪಟ್ಟಿ ಬಳಿದು 40,000 ಕಿಲೋಮೀಟರಿಗೂ ಹೆಚ್ಚು ಕಾಲುದಾರಿಗಳನ್ನ ಗುರುತು ಮಾಡಿಟ್ಟಿದ್ದಾರೆ. ಬೇಕಾದದ್ದು ಬಣ್ಣ, ಬ್ರಷ್, ಭಾನುವಾರ. ನಮ್ಮ ಹತ್ತಿರ ಟೋಟಲ್ ಸ್ಟೇಷನ್ನೇ ಇದೆ.

ಹೆಸರೇ ಪುರಾವೆ ಅಂತ ನಾವು ಹೇಳ್ತಿಲ್ಲ. ಕೆರೆಯೇ ಇಲ್ಲದ ಕಡೆ ಕೆರೆ ಅನ್ನೋ ಹೆಸರಿರುತ್ತೆ. ಈ ಸೀಮೆಯಲ್ಲಿ ಹುಂಡಿ ಅಂತ ಕೊನೆಯಾಗೋ ಊರುಗಳು ಲೆಕ್ಕವಿಲ್ಲದಷ್ಟಿವೆ. ನಮ್ಮ ಬೀದರ್ ಗೆಳೆಯ ಎಲ್ಲ ಊರಲ್ಲೂ ಕಾಣಿಕೆ ಡಬ್ಬಿ ಇರುತ್ತೆ ಅಂದುಕೊಂಡಿದ್ದ, ಪಾಪ. ಹೆಸರು ಕೇಳಿ, ಆಮೇಲೆ ಲೆವೆಲ್ ಇಟ್ಟು ಪರೀಕ್ಷೆ ಮಾಡಿ. ನಾವು ಈಗ ಕೇಳೋದನ್ನೇ ಬಿಟ್ಟಿದ್ದೀವಿ. ಕೇಳಿದರೂ ಇಂಗ್ಲಿಷಿನಲ್ಲಿ ಬರೀತೀವಿ. ಅದರಲ್ಲಿ 'ಹಳ್ಳ'ವೂ 'ಹಲ್ಲ'ವೂ ಒಂದೇ, 'ಮಾಳ'ವೂ 'ಮಾಲ'ವೂ ಒಂದೇ.

ಹಾಗಾಗಿ ಸಂಘದ ಪರವಾಗಿ ವಿಭಾಗಕ್ಕೆ ಒಂದು ಕೋರಿಕೆ. ಮುಂದಿನ ಕ್ಯಾಂಪಿನಿಂದ ಪ್ರತಿ ಪ್ರಾಜೆಕ್ಟಿಗೂ ಒಂದು ಶೀಟ್ ಜಾಸ್ತಿ ಇರಲಿ: ಕೋಡಿ, ತೂಬು, ಹಳ್ಳ, ದಿಣ್ಣೆ, ಕಾಲುದಾರಿ, ಮರ, ಹೊಲ, ಪ್ರತಿಯೊಂದಕ್ಕೂ ಊರಿನವರು ಹೇಳಿದ ಹೆಸರು, ಕನ್ನಡದಲ್ಲಿ, ಅಕ್ಷಾಂಶ ರೇಖಾಂಶದ ಜೊತೆ. ಅದಕ್ಕೆ ಐದೇ ಅಂಕ ಕೊಡಿ ಸಾಕು, ಅಂಕ ಇಲ್ಲದಿದ್ದರೆ ನಾವು ಮಾಡಲ್ಲ ಅನ್ನೋದು ನಿಮಗೂ ಗೊತ್ತು. ಕಂಪ್ಯೂಟರ್ ಸೈನ್ಸಿನವರು ಅದನ್ನ ಓಪನ್‌ಸ್ಟ್ರೀಟ್‌ಮ್ಯಾಪಿಗೆ ಸೇರಿಸಿ. ಅಲ್ಲಿ ಕನ್ನಡದ ಹೆಸರಿಗೇ ಬೇರೆ ಜಾಗ ಇದೆ, ಖಾತೆ ತೆರೆದರೆ ಯಾರು ಬೇಕಾದರೂ ತುಂಬಬಹುದು.

ನಮ್ಮ ಬ್ಯಾಚ್ ಸಬ್ಮಿಷನ್ ಮುಗಿದ ಮೇಲೆ ಇದನ್ನ ಮಾಡಿತು. ಇಪ್ಪತ್ತಮೂರು ಹೆಸರು ಸಿಕ್ಕವು. ಪ್ರಿಂಟ್ ತಗೊಂಡು ತಾತನ ಮನೆ ಜಗಲಿ ಮೇಲೆ ಹರಡಿ ಓದಿ ಹೇಳಿದ್ವಿ. ಎರಡು ಹೆಸರು ತಪ್ಪು ಜಾಗದಲ್ಲಿವೆ ಅಂದರು. ಒಂದು ಹುಣಸೆಮರ ಬಿಟ್ಟೋಗಿದೆ ಅಂದರು. ಅದನ್ನ ತೋರಿಸೋಕೆ ಚಪ್ಪಲಿ ಹಾಕ್ಕೊಂಡು ಅವರೇ ಮುಂದೆ ಹೊರಟರು.