ಒಂದೇ ಅಂಗಡಿಗೆ ಎರಡು ಬೋರ್ಡು

ಬೇಸಿಗೆಯ ರಜೆಯ ಒಂದು ಮಧ್ಯಾಹ್ನ. ಚನ್ನಪಟ್ಟಣದ ಗೃಹಸ್ಥರೊಬ್ಬರ ಮನೆ. ಹಿರಿಯ ಮಗ ಮೈಸೂರಿನಲ್ಲಿ ಓದುತ್ತಿದ್ದಾನೆ. ಹದಿನಾಲ್ಕರ ಪ್ರಾಯದ ಕಿರಿಯವನು ಬೆಂಗಳೂರಿನ ಚಿಕ್ಕಮ್ಮನ ಮನೆಗೆ ಹೋಗಿದ್ದಾನೆ. ಯಜಮಾನರು ಕಚೇರಿಯಲ್ಲಿದ್ದಾರೆ. ಮನೆಯಲ್ಲಿ ಉಳಿದವರು ಇಬ್ಬರೇ: ಶಾಲೆಯೊಂದರಲ್ಲಿ ಉಪಾಧ್ಯಾಯಿನಿಯಾಗಿರುವ ಗೃಹಿಣಿ ಮತ್ತು ಹಳೆಯ ಹೆದ್ದಾರಿಯ ಪಕ್ಕದಲ್ಲಿ ಬಹುಕಾಲ ಗೊಂಬೆಯಂಗಡಿ ನಡೆಸಿ ಈಗ ವಿಶ್ರಾಂತರಾಗಿರುವ ಅವರ ಮಾವನವರು.

ಗೃಹಿಣಿ ಅಂಕಪಟ್ಟಿ ಸಿದ್ಧಪಡಿಸಲೆಂದು ಕಂಪ್ಯೂಟರಿನ ಮುಂದೆ ಕುಳಿತರು. ತೆರೆ ಬೆಳಗಿತು. ಎಲ್ಲಿ ನೋಡಿದರೂ ಮಕ್ಕಳ ಆಟಗಳ ಚಿತ್ರಗಳೇ! ಅವುಗಳ ನಡುವೆ ಶಾಲೆಯ ಕಡತವನ್ನು ಹುಡುಕುವುದೆಂದರೆ ಜಾತ್ರೆಯಲ್ಲಿ ಕಳೆದುಹೋದ ಮಗುವನ್ನು ಹುಡುಕಿದಂತೆ. ಸಾಲದ್ದಕ್ಕೆ, ಒಂದೇ ಆಟದ ಚಿತ್ರ ಎರಡು ಕಡೆ, ಕೆಲವೆಡೆ ಮೂರು ಕಡೆ. ಡಿಸ್ಕಿನಲ್ಲಿ ಜಾಗ ಮುಗಿಯುತ್ತ ಬಂದಿದೆಯೆಂಬ ಎಚ್ಚರಿಕೆಯೂ ಅದೇ ಹೊತ್ತಿಗೆ ಮೂಡಿತು.

"ನೋಡಿ ಮಾವ, ಒಂದು ಆಟಕ್ಕೆ ಎರಡೆರಡು! ಜಾಗ ಉಳಿದೀತಾದರೂ ಹೇಗೆ? ಇವತ್ತು ಇದನ್ನೆಲ್ಲ ಗುಡಿಸಿಹಾಕುತ್ತೇನೆ" ಎಂದರು ಗೃಹಿಣಿ.

ಜೋಡಿಯಾಗಿ ಕಂಡ ಚಿತ್ರಗಳಲ್ಲಿ ಒಂದೊಂದನ್ನು ಅಳಿಸುತ್ತ ಬಂದರು. ಮೂವತ್ತು ಚಿತ್ರಗಳು ಹೋದವು. ತೆರೆ ಹಸನಾಯಿತು. ಆದರೆ ಡಿಸ್ಕಿನ ಜಾಗ ಮಾತ್ರ ಕೂದಲೆಳೆಯಷ್ಟೂ ಹೆಚ್ಚಲಿಲ್ಲ. ಇದೇನು ಸೋಜಿಗವೆಂದು ಅವರು ಒಳಗಿನ ಫೋಲ್ಡರುಗಳನ್ನು ತೆರೆದು ನೋಡತೊಡಗಿದರು. 'ಡಾಕ್ಯುಮೆಂಟ್ಸ್' ಎಂಬಲ್ಲಿ ಅವರ ಶಾಲೆಯ ಕಾಗದಪತ್ರಗಳಿವೆ. ಅವುಗಳ ಪಕ್ಕದಲ್ಲೇ 'ಮೈ ಗೇಮ್ಸ್' ಎಂಬ ಫೋಲ್ಡರು, ಅದರೊಳಗೆ 'ಸಿವಿಲೈಸೇಶನ್ 6' ಎಂಬ ಇನ್ನೊಂದು. ಅದೇ ಹೆಸರಿನ ಆಟ ಡಿಸ್ಕಿನ ಬೇರೊಂದು ಮೂಲೆಯಲ್ಲಿ ದೊಡ್ಡದಾಗಿ ಕುಳಿತಿರುವುದನ್ನು ಅವರು ಆಗಲೇ ಕಂಡಿದ್ದರು. "ಇದೂ ಒಂದು ನಕಲು" ಎಂದುಕೊಂಡು ಆ ಫೋಲ್ಡರನ್ನೂ ಅಳಿಸಿದರು.

"ಈ ಕಸದ ಬುಟ್ಟಿಯನ್ನೂ ಬರಿದು ಮಾಡಿಬಿಡಲೇ ಮಾವ?"

"ಒಂದು ವಾರ ಇರಲಿ ಬಿಡಮ್ಮ" ಎಂದರು ವೃದ್ಧರು. "ಲೇತಿನ ಕೆಳಗೆ ಬಿದ್ದ ತುಂಡುಮರವನ್ನು ನಾವು ಯಾವತ್ತೂ ಅಂದೇ ಒಲೆಗೆ ಹಾಕಿದವರಲ್ಲ."

ಆ ಮಾತಿನ ಬೆಲೆ ಭಾನುವಾರದವರೆಗೆ ಯಾರಿಗೂ ತಿಳಿಯಲಿಲ್ಲ.

ಭಾನುವಾರ ಹುಡುಗ ಊರಿಗೆ ಬಂದ. ಕೈಕಾಲು ತೊಳೆಯುವ ಮುನ್ನವೇ ಕಂಪ್ಯೂಟರಿನ ಮುಂದೆ ಕುಳಿತ. ಆಟವೇನೋ ತೆರೆದುಕೊಂಡಿತು. ಆದರೆ ಅವನು ಎರಡು ವರ್ಷ ರಜೆ ರಜೆಗೂ ಕುಳಿತು ಕಟ್ಟಿದ್ದ ರಾಜ್ಯ ಅಲ್ಲಿರಲಿಲ್ಲ. ಆ ರಾಜ್ಯದ ಪಟ್ಟಣಗಳಿಗೆ ಅವನು ಮಾಗಡಿ, ಕನಕಪುರ, ರಾಮನಗರ ಎಂದು ಹೆಸರಿಟ್ಟಿದ್ದ, ರಾಜಧಾನಿ ಚನ್ನಪಟ್ಟಣವೇ. ಹುಡುಗ ಅಳಲಿಲ್ಲ, ಕೂಗಾಡಲಿಲ್ಲ. "ಯಾರು ಮುಟ್ಟಿದರಮ್ಮ?" ಎಂದು ಒಂದೇ ಮಾತು ಕೇಳಿ, ಊಟಕ್ಕೂ ಬಾರದೆ ಮಹಡಿ ಹತ್ತಿದ. ತಾಯಿಗೆ ಆ ಮೌನ ಅಳುವಿಗಿಂತ ಕಠಿಣವೆನಿಸಿತು.

ಇಂಥ ಪ್ರಸಂಗ ಯಾರ ಮನೆಯಲ್ಲಿ ಬೇಕಾದರೂ ನಡೆದೀತು. ತಾಯಿಯ ಉದ್ದೇಶದಲ್ಲಿ ತಪ್ಪಿರಲಿಲ್ಲ. ತಪ್ಪಿದ್ದುದು ಒಂದೇ ಎಣಿಕೆಯಲ್ಲಿ: ಒಂದೇ ಹೆಸರಿನ ಎರಡು ವಸ್ತುಗಳೆಲ್ಲ ಒಂದರ ನಕಲು ಇನ್ನೊಂದು ಎಂದು ಅವರು ಭಾವಿಸಿದ್ದರು.

ಮೈಸೂರಿನಿಂದ ಹಿರಿಯ ಮಗ ದೂರವಾಣಿಯಲ್ಲಿ ವಿವರಿಸತೊಡಗಿದ. "ಅಮ್ಮ, ತೆರೆಯ ಮೇಲೆ ನೀನು ಅಳಿಸಿದ್ದು ಆಟವಲ್ಲ. ಅದು ಶಾರ್ಟ್‌ಕಟ್. ಆಟ ಎಲ್ಲಿದೆ ಎಂದು ತೋರಿಸುವ ಚೀಟಿ, ಅಷ್ಟೆ."

"ಅಂದರೆ ಬೋರ್ಡು ಅನ್ನು" ಎಂದರು, ಪಕ್ಕದಲ್ಲಿ ಕೇಳುತ್ತಿದ್ದ ಅಜ್ಜ. "ಹೆದ್ದಾರಿಯಲ್ಲಿ ನಮ್ಮ ಅಂಗಡಿಗೆ ಎರಡು ಬೋರ್ಡು ಇದ್ದವು, ರಾಮನಗರದ ಕಡೆಯಿಂದ ಬರುವವರಿಗೆ ಒಂದು, ಮದ್ದೂರಿನ ಕಡೆಯಿಂದ ಬರುವವರಿಗೆ ಒಂದು. ಬೋರ್ಡು ಎರಡಾದರೆ ಅಂಗಡಿ ಎರಡಾಯಿತೇ?"

ವೃದ್ಧರ ಈ ಹೋಲಿಕೆ ಅಕ್ಷರಶಃ ಸರಿ. 1995ರಲ್ಲಿ ಬಂದ ವಿಂಡೋಸ್ 95 ವ್ಯವಸ್ಥೆಯೊಡನೆ ಈ ಶಾರ್ಟ್‌ಕಟ್ಟುಗಳು ಮನೆಮನೆಯ ಕಂಪ್ಯೂಟರಿಗೂ ಬಂದವು. ಸಾಮಾನ್ಯವಾಗಿ ಒಂದು ಶಾರ್ಟ್‌ಕಟ್ ಕೆಲವೇ ಕಿಲೋಬೈಟ್ ತೂಗುತ್ತದೆ. ಇಂದಿನ ದೊಡ್ಡ ಆಟವಾದರೋ 50 ಗಿಗಾಬೈಟನ್ನು ಸುಲಭವಾಗಿ ದಾಟುತ್ತದೆ. ಎರಡು ಕಿಲೋಬೈಟಿನ ಹತ್ತು ಸಾವಿರ ಶಾರ್ಟ್‌ಕಟ್ಟುಗಳನ್ನು ಅಳಿಸಿದರೂ ಉಳಿಯುವುದು ಸುಮಾರು 20 ಮೆಗಾಬೈಟ್ ಮಾತ್ರ. ತೆರೆ ಶುಚಿಯಾದರೂ ಡಿಸ್ಕಿನ ಹೊರೆ ಇಳಿಯದಿದ್ದುದು ಈ ಕಾರಣದಿಂದ. ಬೋರ್ಡು ಕಿತ್ತರೆ ಗೋಡೆ ಚೊಕ್ಕಟವಾದೀತು, ಉಗ್ರಾಣ ಬರಿದಾಗದು.

ಹಾಗಾದರೆ ಬೋರ್ಡುಗಳು ಇಮ್ಮಡಿಯಾಗುವುದಾದರೂ ಏಕೆ? ಇದಕ್ಕೆ ಹಲವು ಕಾರಣಗಳುಂಟು.

ತೆರೆಯ ಮೇಲೆ ಒಂದೇ ಅಂಗಳದಂತೆ ಕಾಣುವ 'ಡೆಸ್ಕ್‌ಟಾಪ್' ನಿಜದಲ್ಲಿ ಎರಡು ಫೋಲ್ಡರುಗಳ ಕೂಟ. ಒಂದು, ಆ ಹೊತ್ತು ಕಂಪ್ಯೂಟರಿನಲ್ಲಿ ಲಾಗಿನ್ ಆದವರದು. ಇನ್ನೊಂದು, ಮನೆಯವರೆಲ್ಲರಿಗೂ ಸೇರಿದ 'ಪಬ್ಲಿಕ್' ಡೆಸ್ಕ್‌ಟಾಪ್. ಒಂದು ಫೋಲ್ಡರಿನಲ್ಲಿ ಒಂದೇ ಹೆಸರಿನ ಎರಡು ಕಡತಗಳು ಇರಲಾರವು. ಆದರೆ ಎರಡು ಫೋಲ್ಡರುಗಳು ಒಂದರ ಮೇಲೊಂದು ಹಾಸಿಕೊಂಡು ಕಾಣುವುದರಿಂದ ಅವಳಿ ಚಿತ್ರಗಳು ತೋರುತ್ತವೆ. ಪಬ್ಲಿಕ್ ಭಾಗದ್ದನ್ನು ಅಳಿಸಹೋದರೆ ಯಂತ್ರವು ಮೇಲ್ವಿಚಾರಕರ ಅನುಮತಿ ಕೇಳುವುದು ಇದೇ ಕಾರಣದಿಂದ.

ಎರಡನೆಯ ಕಾರಣ ಒನ್‌ಡ್ರೈವಿನಂಥ ಸೌಕರ್ಯ. ಮನೆಯ ಎರಡು ಕಂಪ್ಯೂಟರುಗಳ ಡೆಸ್ಕ್‌ಟಾಪನ್ನು ಅದು ಒಂದುಗೂಡಿಸುವಾಗ ಎರಡರಲ್ಲೂ ಇದ್ದ ಶಾರ್ಟ್‌ಕಟ್ಟುಗಳು 'ಕಾಪಿ' ಎಂಬ ಬಾಲ ಹಚ್ಚಿಕೊಂಡು ಮತ್ತೊಮ್ಮೆ ಪ್ರತ್ಯಕ್ಷವಾಗುವುದುಂಟು.

ಮೂರನೆಯದು ಆಟಗಳನ್ನು ಮಾರುವ ಅಂಗಡಿಗಳ ಹೆಚ್ಚಳ. ಸ್ಟೀಮ್ 2003ರಲ್ಲಿ ಆರಂಭವಾಯಿತು. ಎಪಿಕ್ ಗೇಮ್ಸ್ ಸ್ಟೋರ್ 2018ರ ಡಿಸೆಂಬರಿನಲ್ಲಿ ಬಾಗಿಲು ತೆರೆಯಿತು. ಪ್ರತಿಯೊಂದಕ್ಕೂ ತನ್ನದೇ ಲೈಬ್ರರಿ. ಸ್ಟೀಮಿನಲ್ಲಿ ಹೊರಗಿನ ಆಟವನ್ನೂ ಪಟ್ಟಿಗೆ ಸೇರಿಸಿಕೊಳ್ಳುವ ಅವಕಾಶವಿದೆ. ಹಾಗೆ ಸೇರಿಸಿದ ಮೇಲೆ ಅದೇ ಆಟವನ್ನು ಸ್ಟೀಮಿನಲ್ಲೇ ಕೊಂಡರೆ ಪಟ್ಟಿಯಲ್ಲಿ ಎರಡು ಸಾಲುಗಳು ನಿಲ್ಲುತ್ತವೆ. ಹೊರಗಿನಿಂದ ಸೇರಿಸಿದ ಸಾಲನ್ನು ತೆಗೆಯುವುದು ನಿರಪಾಯ: ಅದರ ಮೇಲೆ ಮೌಸಿನ ಬಲಗುಂಡಿ ಒತ್ತಿ, 'ಮ್ಯಾನೇಜ್' ಎಂಬಲ್ಲಿ 'ರಿಮೂವ್ ನಾನ್-ಸ್ಟೀಮ್ ಗೇಮ್' ಎಂಬುದನ್ನು ಆರಿಸಿದರೆ ಸಾಲು ಮಾಯವಾಗುತ್ತದೆ, ಆಟ ಇದ್ದಲ್ಲೇ ಇರುತ್ತದೆ. ಕೊಂಡ ಆಟದ ಸಾಲು ಕಣ್ಣಿಗೆ ಬೇಡವೆನಿಸಿದರೆ ಮರೆಮಾಡುವ 'ಹೈಡ್' ಇದೆ. ಖಾತೆಯಿಂದಲೇ ಶಾಶ್ವತವಾಗಿ ತೆಗೆಸುವ ಮಾರ್ಗವೂ ಇದೆಯಾದರೂ ಮನೆ ಗುಡಿಸುವ ಕೆಲಸಕ್ಕೆ ಅಷ್ಟು ದೂರ ಹೋಗುವ ಅಗತ್ಯವಿಲ್ಲ.

ಆದರೆ ಅವಳಿ ಚಿತ್ರಗಳೆಲ್ಲ ಒಂದೇ ಅಂಗಡಿಯ ಬೋರ್ಡುಗಳಲ್ಲ. ಈ ಮನೆಯಲ್ಲೇ ಸಿವಿಲೈಸೇಶನ್ 6 ಆಟದ ಎರಡು ಪ್ರತಿಗಳಿದ್ದವು. 2020ರ ಮೇ ತಿಂಗಳಲ್ಲಿ ಎಪಿಕ್ ಆ ಆಟವನ್ನು ಕೆಲವು ದಿನ ಉಚಿತವಾಗಿ ಹಂಚಿದಾಗ ಅಣ್ಣ ಒಂದು ಪ್ರತಿ ಪಡೆದಿದ್ದ. ಮುಂದೆ ತಮ್ಮ ರಿಯಾಯಿತಿಯಲ್ಲಿ ಸ್ಟೀಮಿನಿಂದ ಇನ್ನೊಂದನ್ನು ಕೊಂಡ. ಅವೆರಡೂ ಡಿಸ್ಕಿನ ಮೇಲೆ ಬೇರೆ ಬೇರೆಯಾಗಿ ಗಿಗಾಬೈಟುಗಟ್ಟಲೆ ಜಾಗ ಹಿಡಿದಿದ್ದವು.

"ಇದು ಬುಗುರಿಯ ಲೆಕ್ಕ" ಎಂದರು ಅಜ್ಜ. "ಒಂದೇ ಮಾದರಿಯ ಎರಡು ಬುಗುರಿ ಕಡೆದರೆ ಎರಡಕ್ಕೂ ಬೇರೆ ಬೇರೆ ಆಲೆಮರದ ತುಂಡು ಬೇಕು, ಬೇರೆ ಬೇರೆ ಅರಗು ಬೇಕು. ನೋಡಲು ಒಂದೇ ಆದರೂ ವಸ್ತು ಎರಡು."

ಎರಡು ಬೋರ್ಡುಗಳೋ ಎರಡು ಬುಗುರಿಗಳೋ ಎಂದು ತಿಳಿಯುವ ಉಪಾಯ ಕಷ್ಟದ್ದಲ್ಲ. ಚಿತ್ರದ ಮೇಲೆ ಬಲಗುಂಡಿ ಒತ್ತಿ 'ಪ್ರಾಪರ್ಟೀಸ್' ತೆರೆಯಬೇಕು. ಅಲ್ಲಿ 'ಟಾರ್ಗೆಟ್' ಎಂಬ ಸಾಲಿನಲ್ಲಿ ವಿಳಾಸ ಇರುತ್ತದೆ. ಸ್ಟೀಮ್ ಮತ್ತು ಎಪಿಕ್ ಮಾಡಿಕೊಡುವ ಶಾರ್ಟ್‌ಕಟ್ಟುಗಳಲ್ಲಿ 'ಯುಆರ್‌ಎಲ್' ಎಂಬ ಸಾಲು ಇದ್ದು, ಅದರಲ್ಲಿ ಅಂಗಡಿಯ ಹೆಸರು ಕಾಣುತ್ತದೆ. ಎರಡರ ವಿಳಾಸವೂ ಒಂದೇ ಆದರೆ ಯಾವುದನ್ನಾದರೂ ನಿಶ್ಚಿಂತೆಯಿಂದ ಅಳಿಸಬಹುದು. ವಿಳಾಸ ಬೇರೆಯಾದರೆ ಆಟದ ಪ್ರತಿಗಳೇ ಎರಡಿರಬಹುದು. ಆಗ ಯಾವುದನ್ನು ಆಡುತ್ತಿದ್ದಾರೆಂದು ಮಕ್ಕಳನ್ನೇ ಕೇಳಿ, ಬೇಡದ ಪ್ರತಿಯನ್ನು ಅದರದೇ ಅಂಗಡಿಯ ಮೂಲಕ 'ಅನ್‌ಇನ್‌ಸ್ಟಾಲ್' ಮಾಡಬೇಕು. ಡಿಸ್ಕಿನ ಜಾಗ ಬಿಡುಗಡೆಯಾಗುವುದು ಆಗಲೇ. ಫೋಲ್ಡರನ್ನು ಕೈಯಿಂದ ಅಳಿಸಿದರೆ ಲೈಬ್ರರಿಗೆ ಸುದ್ದಿ ಮುಟ್ಟುವುದಿಲ್ಲ. ಶಾರ್ಟ್‌ಕಟ್ಟುಗಳು ಅನಾಥವಾಗಿ ಉಳಿಯುತ್ತವೆ.

ಅನಾಥ ಬೋರ್ಡುಗಳ ಪರಿಚಯ ಚನ್ನಪಟ್ಟಣದವರಿಗೆ ಹೊಸತಲ್ಲ. ಬೆಂಗಳೂರು–ಮೈಸೂರು ದಶಪಥ ಹೆದ್ದಾರಿ 2023ರ ಮಾರ್ಚ್ 12ರಂದು ಉದ್ಘಾಟನೆಗೊಂಡಿತು. ವಾಹನಗಳು ಪಟ್ಟಣವನ್ನು ಬಳಸಿಕೊಂಡು ಹೊರಗಿನಿಂದಲೇ ಸಾಗಿದವು. ಹಳೆಯ ರಸ್ತೆಯ ಗೊಂಬೆ ವ್ಯಾಪಾರಿಗಳು ಗಿರಾಕಿಗಳು ಕಡಿಮೆಯಾದರೆಂದು ಹಲುಬಿದರು. ಅಂಗಡಿ ಮುಚ್ಚಿದ ಮೇಲೂ ಬೋರ್ಡು ನಿಂತಿದ್ದರೆ ದಾರಿಹೋಕನು ಅದನ್ನು ನಂಬಿ ತಿರುಗಿ, ಮುಚ್ಚಿದ ಬಾಗಿಲನ್ನು ಕಂಡು ಮರಳಬೇಕಾಗುತ್ತದೆ. ಆಟ ಹೋದ ಮೇಲೂ ಉಳಿದ ಶಾರ್ಟ್‌ಕಟ್ ಒತ್ತಿದಾಗ ಆಗುವುದೂ ಅಷ್ಟೆ. ಅಂಥವನ್ನು ತೆಗೆಯುವುದು ಪುಣ್ಯದ ಕೆಲಸ.

ಇಷ್ಟಾದರೂ ಹುಡುಗನ ರಾಜ್ಯ ಹೋದದ್ದೆಲ್ಲಿಗೆ?

"ಅಮ್ಮ, ಡಾಕ್ಯುಮೆಂಟ್ಸಿನಲ್ಲಿ ಆಟದ ಹೆಸರಿನ ಫೋಲ್ಡರೇನಾದರೂ ಅಳಿಸಿದೆಯಾ?" ಎಂದು ಕೇಳಿದ ಹಿರಿಯ ಮಗ.

ತಾಯಿಯ ಎದೆ ಧಸಕ್ಕೆಂದಿತು. "ಹೌದಪ್ಪ. ಅದೂ ನಕಲು ಅಂದುಕೊಂಡೆ."

"ಅದೊಂದೇ ಅಸಲು ಅಮ್ಮ."

ಆಟವೊಂದು ಅಳಿದರೆ ಮತ್ತೆ ಅಂಗಡಿಯಿಂದ ಇಳಿಸಿಕೊಳ್ಳಬಹುದು. ಖಾತೆಯಲ್ಲಿರುವ ತನಕ ಹಣ ಕೊಡಬೇಕಿಲ್ಲ. ಆದರೆ ಆಡಿದವನು ತಾನು ಮುಟ್ಟಿದ ಹಂತವನ್ನು ಉಳಿಸಿಕೊಂಡ ಕಡತಗಳು, ಆಟಗಾರರು 'ಸೇವ್' ಎನ್ನುವುದು, ಅನೇಕ ವೇಳೆ ಆಟದ ಜೊತೆಯಲ್ಲಿ ಇರುವುದಿಲ್ಲ. ಕೆಲವು 'ಡಾಕ್ಯುಮೆಂಟ್ಸ್' ಒಳಗಿನ 'ಮೈ ಗೇಮ್ಸ್' ಎಂಬಲ್ಲಿ ಇರುತ್ತವೆ. ಮೈನ್‌ಕ್ರಾಫ್ಟ್, ಸ್ಟಾರ್‌ಡ್ಯೂ ವ್ಯಾಲಿಯಂಥವು 'ಆ್ಯಪ್‌ಡೇಟಾ' ಎಂಬ ಮರೆಯ ಫೋಲ್ಡರಿನಲ್ಲಿ ಇಡುತ್ತವೆ. ಹೆಸರು ಆಟದ್ದೇ, ಗಾತ್ರ ತೀರ ಚಿಕ್ಕದು. ಹೀಗಾಗಿ ಶುಚಿಮಾಡುವವರ ಕಣ್ಣಿಗೆ ಮೊದಲು ಬೀಳುವ 'ನಕಲು' ಅದೇ. ಅಂತರಜಾಲದಲ್ಲಿ ಪ್ರತಿ ಇಡುವ 'ಕ್ಲೌಡ್' ಏರ್ಪಾಡು ಹಲವು ಆಟಗಳಿಗೆ ಉಂಟು, ಎಲ್ಲಕ್ಕೂ ಇಲ್ಲ. ಅದನ್ನೇ ನಂಬಿ ಕುಳಿತುಕೊಳ್ಳುವಂತಿಲ್ಲ.

ಅಜ್ಜ ನಿಟ್ಟುಸಿರಿಟ್ಟರು. "ಗೊತ್ತಾಯಿತು. ಅಂಗಡಿಯ ಹೆಸರು ಬೋರ್ಡಿನ ಮೇಲೂ ಇರುತ್ತೆ, ಲೆಕ್ಕದ ಪುಸ್ತಕದ ಮೇಲೂ ಇರುತ್ತೆ. ಬೋರ್ಡು ಹೋದರೆ ಇನ್ನೊಂದು ಬರೆಸಬಹುದು. ಅಂಗಡಿ ಬಿದ್ದರೆ ಕಟ್ಟಿಸಬಹುದು. ಲೆಕ್ಕದ ಪುಸ್ತಕವನ್ನು ಎಲ್ಲಿಂದ ತರೋದು?"

"ಕಸದ ಬುಟ್ಟಿ ಖಾಲಿ ಮಾಡಿದಿರಾ?" ಎಂಬ ಪ್ರಶ್ನೆ ಮೈಸೂರಿನಿಂದ ಬಂತು.

ಮಾಡಿರಲಿಲ್ಲ. ಮಾವನವರ ಒಂದು ಮಾತು ಅದನ್ನು ಉಳಿಸಿತ್ತು. 'ರೀಸೈಕಲ್ ಬಿನ್' ತೆರೆದರೆ ಫೋಲ್ಡರು ಅಲ್ಲಿಯೇ ಇತ್ತು. ಬಲಗುಂಡಿ ಒತ್ತಿ 'ರಿಸ್ಟೋರ್' ಎಂದೊಡನೆ ಅದು ತನ್ನ ಹಳೆಯ ಜಾಗಕ್ಕೆ ಮರಳಿತು. ಆದರೆ ಈ ಬುಟ್ಟಿಗೂ ಒಂದು ಮಿತಿಯಿದೆಯೆಂಬುದನ್ನು ಮರೆಯಬಾರದು. ತುಂಬಿದಾಗ ಅದು ಹಳೆಯದನ್ನು ತಾನಾಗಿಯೇ ಚೆಲ್ಲುತ್ತದೆ. ಶಿಫ್ಟ್ ಕೀಲಿ ಒತ್ತಿಕೊಂಡು ಅಳಿಸಿದ್ದು ಅದರೊಳಗೆ ಬೀಳುವುದೇ ಇಲ್ಲ. ಆದ್ದರಿಂದ ಗುಡಿಸುವ ಮುನ್ನ ಸೇವ್ ಕಡತಗಳ ಪ್ರತಿಯೊಂದನ್ನು ಪೆನ್‌ಡ್ರೈವಿನಲ್ಲಿ ಇಟ್ಟುಕೊಳ್ಳುವುದೇ ಜಾಣತನ. ಅದಕ್ಕೆ ಬೇಕಾಗುವುದು ಐದು ನಿಮಿಷ.

ತಾಯಿ ಮಹಡಿ ಹತ್ತಿ ಹೋದರು. ಹುಡುಗ ಗೋಡೆಯ ಕಡೆಗೆ ಮುಖಮಾಡಿ ಮಲಗಿದ್ದ.

"ಬಾರೋ, ನಿನ್ನ ಊರುಗಳೆಲ್ಲ ಸಿಕ್ಕಿವೆ. ಇನ್ನು ಮೇಲೆ ನಿನ್ನನ್ನು ಕೇಳದೆ ಮುಟ್ಟುವುದಿಲ್ಲ."

ಹುಡುಗ ಎದ್ದು ಕುಳಿತ. ಸ್ವಲ್ಪ ಹೊತ್ತಿನ ಮೇಲೆ, "ನಿನ್ನ ಅಂಕಪಟ್ಟಿ ಹುಡುಕೋಕೆ ಕಷ್ಟವಾಗುತ್ತಿತ್ತಾ ಅಮ್ಮ? ನನಗೆ ಹೇಳಬೇಕಿತ್ತು" ಎಂದ.

ಅಂದು ಸಂಜೆ ತಾಯಿಮಕ್ಕಳಿಬ್ಬರೂ ಕೂಡಿ ಕುಳಿತು ಉಳಿದ ಕೆಲಸ ಮುಗಿಸಿದರು. ಅಣ್ಣನನ್ನು ಕೇಳಿ, ಅವನು ಬಹುಕಾಲದಿಂದ ಆಡದಿದ್ದ ಎಪಿಕ್ ಪ್ರತಿಯನ್ನು ಅದರ ಅಂಗಡಿಯ ಮೂಲಕವೇ ತೆಗೆದರು. ಡಿಸ್ಕಿನ ಎಚ್ಚರಿಕೆ ಮರೆಯಾಯಿತು. ತೆರೆಯ ಬಲಗಡೆ ತಾಯಿಯ ಕಡತಗಳು, ಎಡಗಡೆ ಮಗನ ಆಟಗಳು, ಒಂದಕ್ಕೆ ಒಂದೇ ಚಿತ್ರ. ಅಜ್ಜ ಕುರ್ಚಿ ಎಳೆದುಕೊಂಡು ಬಂದು, ಮೊಮ್ಮಗನ ರಾಜ್ಯದ ನಕ್ಷೆಯನ್ನು ಕನ್ನಡಕ ಸರಿಪಡಿಸಿಕೊಂಡು ನೋಡಿದರು.

"ಎಲ್ಲ ಸರಿ ಕಣೋ" ಎಂದರು. "ಚನ್ನಪಟ್ಟಣ ಅಂತ ಹೆಸರಿಟ್ಟಿದ್ದೀಯೆ, ಗೊಂಬೆಯಂಗಡಿ ಎಲ್ಲಿ?"