ಬಾಹ್ಯಾಕಾಶದ ವರದಿಗಾರ ಮತ್ತು ನಮ್ಮ ಮಕ್ಕಳು



ಬಾಹ್ಯಾಕಾಶ ನಿಲ್ದಾಣದಿಂದ ವರದಿ ಮಾಡಿದ ಮೊದಲ ಪತ್ರಕರ್ತ ಯಾರು ಗೊತ್ತೇ? ಜಪಾನಿನ ಟಿಬಿಎಸ್ ಟಿವಿಯ ತೊಯೊಹಿರೊ ಅಕಿಯಾಮಾ. 1990ರ ಡಿಸೆಂಬರ್ 2ರಂದು ಸೋವಿಯತ್ ಒಕ್ಕೂಟದ ಸೋಯುಜ್ ನೌಕೆಯಲ್ಲಿ ಹೊರಟು, ಮಿರ್ ನಿಲ್ದಾಣದಲ್ಲಿದ್ದು, 10ರಂದು ಭೂಮಿಗೆ ಮರಳಿದರು. ಆಗ ಅವರಿಗೆ 48 ವರ್ಷ. ಟಿವಿ ಸಂಸ್ಥೆ ದುಡ್ಡು ಕೊಟ್ಟು ಕಳಿಸಿದ ಪ್ರಯಾಣ ಅದು. ರಾಕೆಟ್ಟಿನ ಮೇಲೆ ಜಾಹೀರಾತುಗಳೂ ಇದ್ದವು. ಹಾಗಾಗಿ ಇದೆಲ್ಲ ಬರೀ ಪ್ರಚಾರ ಎಂದು ನೀವು ಹೇಳಬಹುದು.

ನಾನು ಒಪ್ಪುವುದಿಲ್ಲ. ಅಕಿಯಾಮಾ ವಿಜ್ಞಾನಿಯಲ್ಲ, ಪೈಲಟ್ಟೂ ಅಲ್ಲ. ಸಿಗರೇಟು ಸೇದುತ್ತಿದ್ದ, ನಮ್ಮಂಥ ಒಬ್ಬ ಮನುಷ್ಯ. ಮೇಲೆ ಹೋದಾಗ ಹೊಟ್ಟೆ ತೊಳಸಿತು. ಅದನ್ನು ಮುಚ್ಚಿಡಲಿಲ್ಲ. ಜೊತೆಗೆ ಒಯ್ದಿದ್ದ ಪುಟ್ಟ ಮರಗಪ್ಪೆಗಳು ತೂಕವಿಲ್ಲದೆ ಕಾಲು ಚಾಚಿ ತೇಲುವುದನ್ನು ತೋರಿಸಿದರು. ಎಲ್ಲವನ್ನೂ ಮನೆಯಲ್ಲಿ ಕೂತವರಿಗೆ ಅವರದೇ ಜಪಾನಿ ಭಾಷೆಯಲ್ಲಿ ಹೇಳಿದರು.

ನಾವಿರುವ ಜರ್ಮನಿಯಲ್ಲೂ ಇಂಥ ಉದಾಹರಣೆಯಿದೆ. ಕ್ಯುನ್‌ಜೆಲ್ಸೌ ಊರಿನ ಅಲೆಕ್ಸಾಂಡರ್ ಗೆರ್ಸ್ಟ್ ಪತ್ರಕರ್ತರಲ್ಲ, ಗಗನಯಾನಿ. ಆದರೂ 2014ರಲ್ಲಿ ಮಕ್ಕಳ ಅಚ್ಚುಮೆಚ್ಚಿನ 'ಮೌಸ್' ಗೊಂಬೆಯನ್ನು ಜೊತೆಗೆ ಒಯ್ದು, ಅಲ್ಲಿಯ ಬದುಕನ್ನು ಮಕ್ಕಳಿಗೆ ಜರ್ಮನ್ನಿನಲ್ಲಿ ತೋರಿಸಿದರು. ಅದೇ ವರ್ಷ ಜುಲೈನಲ್ಲಿ ಗಾಜಾ ಮತ್ತು ಇಸ್ರೇಲ್ ಮೇಲಿನ ಸ್ಫೋಟಗಳು ಅವರಿಗೆ ಮೇಲಿಂದ ಕಂಡವು. ಅದು ತಾನು ತೆಗೆದ ಅತ್ಯಂತ ದುಃಖದ ಚಿತ್ರ ಎಂದು ಬರೆದರು. ನೋಡಿದ್ದನ್ನು ಹೇಳುವುದೆಂದರೆ ಇದೇ.

ಈಗ ನಮ್ಮ ಕಡೆ ಬನ್ನಿ. 2025ರಲ್ಲಿ ಶುಭಾಂಶು ಶುಕ್ಲಾ ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣಕ್ಕೆ ಹೋದಾಗ ಅಲ್ಲಿ ಹೆಸರುಕಾಳು, ಮೆಂತ್ಯ ಮೊಳಕೆ ಒಡೆದವು. ಆ ಪ್ರಯೋಗವನ್ನು ರೂಪಿಸಿದ್ದು ಧಾರವಾಡದ ಕೃಷಿ ವಿಶ್ವವಿದ್ಯಾಲಯ ಮತ್ತು ಧಾರವಾಡ ಐಐಟಿಯ ವಿಜ್ಞಾನಿಗಳು. ನಮ್ಮ ಅಡುಗೆಮನೆಯ ಮೆಂತ್ಯ! ನಮ್ಮ ಮನೆಗಳಲ್ಲಿ ಎಷ್ಟು ಮಕ್ಕಳು ಇದನ್ನು ಕನ್ನಡದಲ್ಲಿ ಕೇಳಿದರು?

ಮಕ್ಕಳಿಗೆ ಕನ್ನಡ ಬರುವುದಿಲ್ಲ ಎಂದು ನಾವು ಕೊರಗುತ್ತೇವೆ. ಆದರೆ ಅವರು ಕನ್ನಡದಲ್ಲಿ ಏನು ಹೇಳಬೇಕು? ಭಾನುವಾರದ ಫೋನಿನಲ್ಲಿ 'ಊಟ ಆಯ್ತಾ', 'ಆಯ್ತು', 'ಚಳಿ ಇದೆಯಾ', 'ಇದೆ'. ಅಲ್ಲಿಗೆ ಮುಗಿಯಿತು. ಹೇಳುವ ವಿಷಯವಿಲ್ಲದೆ ಭಾಷೆ ಉಳಿಯುವುದಿಲ್ಲ.

ಹೋದ ತಿಂಗಳು ನನ್ನ ಮಗನಿಗೆ ಆ ಕಪ್ಪೆಗಳ ಕಥೆ ಹೇಳಿ, "ಇದನ್ನು ಅಜ್ಜಿಗೆ ನೀನೇ ಹೇಳು" ಎಂದೆ. ತಡವರಿಸಿದ. 'ತೇಲು' ಎಂಬ ಪದ ಸಿಗದೆ, "ಕಪ್ಪೆ ಗಾಳಿಯಲ್ಲಿ ಈಜಿತು ಅಜ್ಜಿ" ಎಂದ. ಅತ್ತ ಕಡೆಯಿಂದ, "ಅಯ್ಯೋ ಪಾಪ, ಅದಕ್ಕೆ ತಿನ್ನೋಕೆ ಏನು ಕೊಟ್ಟರಪ್ಪಾ?" ಅವನಿಗೆ ಗೊತ್ತಿರಲಿಲ್ಲ. ಹುಡುಕಿ ಹೇಳುತ್ತೇನೆ ಎಂದು ಮಾತು ಕೊಟ್ಟ. ಅಂದು ಅವರಿಬ್ಬರೂ ಇಪ್ಪತ್ತು ನಿಮಿಷ ಮಾತಾಡಿದರು.

ದೂರದಲ್ಲಿರುವ ನಮ್ಮ ಮಕ್ಕಳೂ ವರದಿಗಾರರೇ. ಅಜ್ಜ ಅಜ್ಜಿ ನೋಡದ ಮೊದಲ ಹಿಮ, ಇಲ್ಲಿಯ ರೈಲು, ಶಾಲೆಯ ಜಗಳ ಎಲ್ಲವೂ ಸುದ್ದಿಯೇ. ಈ ತಿಂಗಳು ನಿಮ್ಮ ಮಗುವಿನಿಂದ ಐದು ವಾಕ್ಯಗಳ ಒಂದು ವರದಿಯನ್ನು ಊರಿಗೆ ಹೇಳಿಸಿ. ಮಧ್ಯೆ ಜರ್ಮನ್ ಪದ ಬಂದರೆ ಬರಲಿ, ತಿದ್ದಲು ಹೋಗಬೇಡಿ. ಅಜ್ಜಿ ಮತ್ತೊಂದು ಪ್ರಶ್ನೆ ಕೇಳಿದರೆ ಸಾಕು, ಮುಂದಿನ ವಾರದ ಪಾಠ ತಯಾರಾದಂತೆ.